ಸಿಡಿಲು ಮಲ್ಲಿಕಾರ್ಜುನನ ಸೀಮೆಯಲ್ಲಿ

ಮೈಸೂರು ಜಿಲ್ಲೆಯ ಪಿರಿಯಾಪಟ್ಟಣ ತಾಲ್ಲೂಕಿನ ಬೆಟ್ಟದಪುರದಲ್ಲಿ ದೇವರ ಹೆಸರಿಗೇ ಸಿಡಿಲು ಸೇರಿಕೊಂಡಿದೆ. ಬಯಲಿನ ನಡುವೆ ಒಂಟಿಯಾಗಿ ಎದ್ದು ನಿಂತ ಬೆಟ್ಟ, ಮೂರು ಸಾವಿರದಷ್ಟು ಮೆಟ್ಟಿಲು, ತುದಿಯಲ್ಲಿ ಕಲ್ಲಿನ ಗುಡಿ, ಗುಡಿಯೊಳಗೆ ಸಿಡಿಲು ಮಲ್ಲಿಕಾರ್ಜುನ. ಆಕಾಶದ ಸಿಡಿಲು ಬಂದು ಈ ಗುಡಿಗೆ ಎರಗುತ್ತದೆ ಎಂಬ ನಂಬಿಕೆಯಿಂದಲೇ ಸ್ವಾಮಿಗೆ ಈ ಹೆಸರು.

ನಂಬಿಕೆ ಇಂದು ನಿನ್ನೆಯದಲ್ಲ, ಗುಡಿಯೂ ಅಷ್ಟೇ. ಹುಣಸೂರು, ಪಿರಿಯಾಪಟ್ಟಣ ಮತ್ತು ಕೊಡಗಿನ ಪೂರ್ವಭಾಗವನ್ನು ಶತಮಾನಗಳ ಕಾಲ ಆಳಿದ ಚಂಗಾಳ್ವ ಅರಸರ ಮನೆದೇವರು ಇದೇ ಬೆಟ್ಟದ ಅನ್ನದಾನಿ ಮಲ್ಲಿಕಾರ್ಜುನ. ಅರಸೊತ್ತಿಗೆ ಹೋಯಿತು, ದೇವರು ಉಳಿದ, ಸಿಡಿಲೂ ಉಳಿಯಿತು. ಗಾವಡಗೆರೆ, ಹುಣಸೂರು, ಕೆ.ಆರ್. ನಗರದ ಕಡೆಯಿಂದ ಇಂದಿಗೂ ಜನ ಮೆಟ್ಟಿಲು ಹತ್ತಿ ಹೋಗುತ್ತಾರೆ.

ಇಂಥ ಇನ್ನೊಂದು ಗುಡಿ ಹಿಮಾಚಲ ಪ್ರದೇಶದ ಕುಲ್ಲು ಕಣಿವೆಯ ಮೇಲಿದೆ. ಸುಮಾರು 2,400 ಮೀಟರ್ ಎತ್ತರದ ಶಿಖರದಲ್ಲಿ ಕೂತ ಅಲ್ಲಿನ ಶಿವನಿಗೆ ಬಿಜಲಿ ಮಹಾದೇವ ಎಂದು ಹೆಸರು. ಸಿಡಿಲು ಬಡಿದು ಲಿಂಗ ಒಡೆಯುತ್ತದೆ, ಪೂಜಾರಿ ಬೆಣ್ಣೆ ಹಚ್ಚಿ ಅದನ್ನು ಕೂಡಿಸುತ್ತಾನೆ ಎನ್ನುತ್ತಾರೆ ಆ ಕಡೆಯ ಜನ. ಒಂದು ಗುಡಿ ಕಾವೇರಿ ಸೀಮೆಯಲ್ಲಿ, ಇನ್ನೊಂದು ಬಿಯಾಸ್ ನದಿಯ ಮೇಲೆ. ಭಾಷೆ ಬೇರೆ, ಅರಸರು ಬೇರೆ, ಆದರೆ ಕಂಡ ಸಂಗತಿ ಒಂದೇ: ಒಂಟಿ ಶಿಖರದ ನೆತ್ತಿಗೆ ಸಿಡಿಲು ಮತ್ತೆ ಮತ್ತೆ ಬೀಳುತ್ತದೆ. ಇದು ಕಣ್ಣಾರೆ ನೋಡಿದವರ ತಿಳಿವಳಿಕೆ. ವಿಜ್ಞಾನ ಇದನ್ನು ತಳ್ಳಿಹಾಕುವುದಿಲ್ಲ, ಕಾರಣ ಹೇಳುತ್ತದೆ. ಆ ಕಾರಣವನ್ನು ಬೆಟ್ಟದಿಂದ ಬಯಲಿಗೆ ಇಳಿಸಿಕೊಂಡರೆ ಹೊಲದಲ್ಲಿ ದುಡಿಯುವವರ ಜೀವ ಉಳಿಯುತ್ತದೆ.

ಏಪ್ರಿಲ್ ಸಂಜೆಯ ಮೋಡ

ಹುಣಸೂರಿನ ಸುತ್ತಲ ಸೀಮೆ ಸಮುದ್ರಮಟ್ಟದಿಂದ ಸುಮಾರು 800 ಮೀಟರ್ ಎತ್ತರದ ಬಯಲು. ಪಶ್ಚಿಮಕ್ಕೆ ಕೊಡಗಿನ ಬೆಟ್ಟಸಾಲು, ದಕ್ಷಿಣಕ್ಕೆ ನಾಗರಹೊಳೆ ಮತ್ತು ಎಚ್.ಡಿ. ಕೋಟೆಯ ಕಾಡು, ನಡುವೆ ಬ್ರಹ್ಮಗಿರಿಯಿಂದ ಇಳಿದು ಬರುವ ಲಕ್ಷ್ಮಣತೀರ್ಥ. ಯುಗಾದಿ ಕಳೆದು ಬಿಸಿಲೇರಿದಂತೆ ಉತ್ತು ಬಿಟ್ಟ ಕೆಂಪು ಹೊಲ ಕಾಯುತ್ತದೆ. ಅದರ ಮೇಲಿನ ಗಾಳಿ ಬಿಸಿಯಾಗಿ ಮೇಲೇಳುತ್ತದೆ. ಅರಬ್ಬಿ ಸಮುದ್ರ ಮತ್ತು ಬಂಗಾಳ ಕೊಲ್ಲಿ ಎರಡೂ ಕಡೆಯ ತೇವದ ಗಾಳಿ ಒಳನಾಡಿನ ಮೇಲೆ ಬಂದು ಕೂಡುವ ಕಾಲವೂ ಅದೇ. ಏಪ್ರಿಲ್, ಮೇ ತಿಂಗಳ ಹವಾಮಾನ ವರದಿಗಳಲ್ಲಿ ಮಹಾರಾಷ್ಟ್ರದಿಂದ ಕರ್ನಾಟಕದ ಒಳನಾಡಿನ ಮೂಲಕ ತಮಿಳುನಾಡಿನವರೆಗೆ ಚಾಚಿದ ಕಡಿಮೆ ಒತ್ತಡದ ಪಟ್ಟಿಯ ಪ್ರಸ್ತಾಪ ಮತ್ತೆ ಮತ್ತೆ ಬರುವುದು ಇದಕ್ಕೇ.

ಮೇಲೇರುವ ಗಾಳಿ ತಣ್ಣಗಾಗುತ್ತ ಹೋಗುತ್ತದೆ. ಪ್ರತಿ ಕಿಲೋಮೀಟರಿಗೆ ಸರಾಸರಿ ಆರೂವರೆ ಡಿಗ್ರಿಯಂತೆ ಉಷ್ಣತೆ ಇಳಿದು, ಐದು ಕಿ.ಮೀ. ಎತ್ತರದ ಆಸುಪಾಸಿನಲ್ಲಿ ಸೊನ್ನೆ ಮುಟ್ಟುತ್ತದೆ. ನೆಲದ ಮೇಲೆ ಜನ ಬೆವರು ಒರೆಸಿಕೊಳ್ಳುತ್ತಿರುವಾಗ ಅವರ ತಲೆಯ ನೇರಕ್ಕೆ, ಬೆಟ್ಟದಪುರದಿಂದ ಹುಣಸೂರಿಗೆ ಇರುವ ದೂರಕ್ಕಿಂತ ಕಡಿಮೆ ದೂರದಲ್ಲಿ, ನೀರು ಹೆಪ್ಪುಗಟ್ಟುತ್ತಿರುತ್ತದೆ. ಗುಡುಗಿನ ಮೋಡ ಅಲ್ಲಿಗೇ ನಿಲ್ಲದೆ 12ರಿಂದ 15 ಕಿ.ಮೀ. ಎತ್ತರಕ್ಕೆ ಬೆಳೆಯುತ್ತದೆ. ಮಧ್ಯಾಹ್ನ ಮೂರರ ಹೊತ್ತಿಗೆ ಕೊಡಗಿನ ದಿಕ್ಕಿನಲ್ಲಿ ಬೆಳ್ಳಗೆ ಉಬ್ಬಿ ನಿಲ್ಲುವುದು, ಐದರ ಹೊತ್ತಿಗೆ ತಳ ಕಪ್ಪಾಗಿ ತಲೆ ಮೇಲೆ ಬರುವುದು ಇದೇ ಮೋಡ.

ಅದರ ಹೊಟ್ಟೆಯಲ್ಲಿ ಸಣ್ಣ ಮಂಜಿನ ಹರಳುಗಳಿರುತ್ತವೆ, ಜೊತೆಗೆ ಎಳೆಯ ಆಲಿಕಲ್ಲಿನಂಥ ಮೆದು ಉಂಡೆಗಳೂ ಇರುತ್ತವೆ. ಮೇಲೇರುವ ಗಾಳಿ ಹಗುರ ಹರಳನ್ನು ಎತ್ತಿಕೊಂಡು ಹೋಗುತ್ತದೆ, ಭಾರದ ಉಂಡೆ ಕೆಳಗೆ ಜಾರುತ್ತದೆ. ದಾರಿಯಲ್ಲಿ ಎರಡೂ ಡಿಕ್ಕಿ ಹೊಡೆದಾಗ ವಿದ್ಯುದಾವೇಶ ಒಂದರಿಂದ ಇನ್ನೊಂದಕ್ಕೆ ದಾಟುತ್ತದೆ. ಕೋಟಿಗಟ್ಟಲೆ ಡಿಕ್ಕಿಗಳ ನಂತರ ಮೋಡದ ಮೇಲ್ಭಾಗದಲ್ಲಿ ಧನ ಆವೇಶ, ಕೆಳಭಾಗದಲ್ಲಿ ಋಣ ಆವೇಶ ಶೇಖರವಾಗುತ್ತದೆ. ಗಾಳಿ ವಿದ್ಯುತ್ತನ್ನು ಸುಲಭಕ್ಕೆ ಬಿಟ್ಟುಕೊಡುವುದಿಲ್ಲ. ತಡೆಯಲಾರದಷ್ಟು ಒತ್ತಡ ಹೆಚ್ಚಿದ ಕ್ಷಣದಲ್ಲಿ ಕಟ್ಟೆ ಒಡೆಯುತ್ತದೆ.

ಒಡೆಯುವ ಬಗೆ ವಿಚಿತ್ರ. ಮೋಡದಿಂದ ಕಣ್ಣಿಗೆ ಕಾಣದಷ್ಟು ಮಸುಕಾದ ಎಳೆಯೊಂದು ಸುಮಾರು 50 ಮೀಟರಿನ ಒಂದೊಂದೇ ಹೆಜ್ಜೆ ಇಟ್ಟು, ಕವಲೊಡೆಯುತ್ತ ಕೆಳಗಿಳಿಯುತ್ತದೆ. ಎಲ್ಲಿಗೆ ಬೀಳಬೇಕೆಂದು ಆಗಿನ್ನೂ ತೀರ್ಮಾನವಾಗಿರುವುದಿಲ್ಲ. ನೆಲಕ್ಕೆ ನೂರಿನ್ನೂರು ಮೀಟರ್ ಉಳಿದಾಗ ನೆಲದ ಕಡೆಯಿಂದಲೂ ಎಳೆಗಳು ಏಳುತ್ತವೆ: ಮರದ ತುದಿಯಿಂದ, ಗುಡಿಯ ಕಳಸದಿಂದ, ಕಂಬದ ನೆತ್ತಿಯಿಂದ, ಬಯಲಲ್ಲಿ ನಿಂತ ಮನುಷ್ಯನ ತಲೆಯಿಂದಲೂ. ಇವುಗಳಲ್ಲಿ ಯಾವುದು ಮೊದಲು ಮೇಲಿನ ಎಳೆಯನ್ನು ಮುಟ್ಟುತ್ತದೋ ಅದೇ ದಾರಿಯಾಗುತ್ತದೆ. ಆಗ ಸುಮಾರು 30,000 ಆಂಪಿಯರ್ ವಿದ್ಯುತ್ ಹರಿಯುತ್ತದೆ. ದಾರಿಯ ಗಾಳಿ 30,000 ಡಿಗ್ರಿ ಸೆಲ್ಸಿಯಸ್‌ನಷ್ಟು ಕಾಯುತ್ತದೆ. ಇದು ಸೂರ್ಯನ ಹೊರಮೈಯ ಉಷ್ಣತೆಯ ಐದು ಪಟ್ಟು. ಹಾಗೆ ಕಾದ ಗಾಳಿ ಸಿಡಿದು ಹಿಗ್ಗುವ ಸದ್ದೇ ಗುಡುಗು.

ಕಲ್ಲು, ತೆಂಗು, ಗೋಪುರ

ಬೆಟ್ಟದಪುರದ ಬೆಟ್ಟಕ್ಕೇ ಯಾಕೆ ಎಂಬುದಕ್ಕೆ ಉತ್ತರ ಈ ಎಳೆಗಳ ಪೈಪೋಟಿಯಲ್ಲಿದೆ. ಬೆಟ್ಟದ ನೆತ್ತಿ ಸಮುದ್ರಮಟ್ಟದಿಂದ ಸುಮಾರು 1,300 ಮೀಟರ್, ಅಂದರೆ ಸುತ್ತಲ ಹೊಲಗದ್ದೆಗಿಂತ ನಾನ್ನೂರು ಮೀಟರಿಗೂ ಹೆಚ್ಚು ಎತ್ತರ. ಮೋಡದ ತಳಕ್ಕೆ ಅಷ್ಟು ಹತ್ತಿರ. ಅಲ್ಲದೆ ವಸ್ತು ಎತ್ತರವೂ ಮೊನಚೂ ಆದಷ್ಟು ಅದರ ತುದಿಯಲ್ಲಿ ವಿದ್ಯುತ್ ಕ್ಷೇತ್ರ ತೀವ್ರವಾಗುತ್ತದೆ, ಮೇಲೇಳುವ ಎಳೆ ಅಲ್ಲಿಂದ ಬೇಗ ಹೊರಡುತ್ತದೆ. ಬೆಟ್ಟದ ಮೇಲೊಂದು ಗುಡಿ, ಗುಡಿಯ ಮೇಲೊಂದು ಶಿಖರ ಇದ್ದಲ್ಲಿ ಪೈಪೋಟಿ ಬಹುಮಟ್ಟಿಗೆ ಮೊದಲೇ ಮುಗಿದಿರುತ್ತದೆ. ಬಿದ್ದ ಜಾಗಕ್ಕೆ ಸಿಡಿಲು ಮತ್ತೆ ಬೀಳದು ಎಂಬ ಮಾತು ಸುಳ್ಳು. ನ್ಯೂಯಾರ್ಕಿನ ಎಂಪೈರ್ ಸ್ಟೇಟ್ ಕಟ್ಟಡಕ್ಕೆ ವರ್ಷಕ್ಕೆ ಇಪ್ಪತ್ತಕ್ಕೂ ಹೆಚ್ಚು ಸಲ ಸಿಡಿಲು ಬಡಿಯುತ್ತದೆ.

ಗಟ್ಟಿ ಕಗ್ಗಲ್ಲು ಸಿಡಿಲಿಗೆ ಬಿರಿಯುವುದಾದರೂ ಹೇಗೆ? ಒಣಗಿದ ಕಲ್ಲಿನಲ್ಲಿ ವಿದ್ಯುತ್ ಸಲೀಸಾಗಿ ಹರಿಯದು. ಅದು ಕಲ್ಲಿನ ಮೈಮೇಲಿನ ಒದ್ದೆಯನ್ನು, ಬಿರುಕಿನೊಳಗಿನ ತೇವವನ್ನು ಹುಡುಕಿಕೊಂಡು ಓಡುತ್ತದೆ. ಕೂದಲೆಳೆಯಷ್ಟು ಸೀಳಿನಲ್ಲಿ ಕೂತಿದ್ದ ನೀರು ಆ ಕ್ಷಣದಲ್ಲೇ ಆವಿಯಾಗುತ್ತದೆ. ಆವಿಗೆ ನೀರಿಗಿಂತ ಸಾವಿರ ಪಟ್ಟಿಗೂ ಹೆಚ್ಚು ಜಾಗ ಬೇಕು, ಸೀಳಿನಲ್ಲಿ ಜಾಗವಿಲ್ಲ. ಕಲ್ಲು ಒಳಗಿನಿಂದಲೇ ಒಡೆದು ಚಕ್ಕೆ ಹಾರುತ್ತದೆ.

ತೆಂಗಿನ ತೋಟದಲ್ಲೂ ಇದೇ ಕಥೆ. ಸುರಿವ ಮಳೆಯಲ್ಲಿ ತೆಂಗಿನ ಸುಳಿ ಪಂಜಿನ ಹಾಗೆ ಉರಿಯುವುದನ್ನು ಈ ಸೀಮೆಯಲ್ಲಿ ನೋಡದವರು ಕಡಿಮೆ. ತೋಟದಲ್ಲಿ ಎಲ್ಲಕ್ಕಿಂತ ಎತ್ತರದ್ದು ತೆಂಗು, ಮೈತುಂಬ ರಸ ತುಂಬಿಕೊಂಡದ್ದು. ವಿದ್ಯುತ್ ರಸದ ದಾರಿ ಹಿಡಿದು ಇಳಿಯುವಾಗ ಒಳಗಿನ ನೀರು ಕುದಿದು ಆವಿಯಾಗುತ್ತದೆ, ತಲೆಯಲ್ಲಿರುವ ಒಣ ಗರಿ, ಒಣ ನಾರು ಹೊತ್ತಿಕೊಳ್ಳುತ್ತದೆ. ಬೆಂಕಿ ಬೀಳದೆ ಉಳಿದ ಮರವೂ ಕ್ಷೇಮವಲ್ಲ. ತೆಂಗಿಗಿರುವುದು ಒಂದೇ ಸುಳಿ. ಅದು ಬೆಂದಿದ್ದರೆ ಕೆಲವು ವಾರಗಳಲ್ಲಿ ಗರಿಗಳು ಜೋತುಬಿದ್ದು ಇಡೀ ಮರ ಹೋಗುತ್ತದೆ.

ಯೂರೋಪಿನ ಊರುಗಳಲ್ಲಿ ಎತ್ತರದ ವಸ್ತು ಚರ್ಚಿನ ಗೋಪುರ. ಗುಡುಗು ಶುರುವಾದರೆ ಗಂಟೆ ಬಾರಿಸಿ ಅದನ್ನು ಓಡಿಸಬಹುದೆಂದು ಅಲ್ಲಿನವರು ನಂಬಿದ್ದರು. 18ನೇ ಶತಮಾನದಲ್ಲಿ 33 ವರ್ಷಗಳ ಲೆಕ್ಕ ತೆಗೆದಾಗ 386 ಗೋಪುರಗಳಿಗೆ ಸಿಡಿಲು ಬಡಿದು, ಗಂಟೆಯ ಒದ್ದೆ ಹಗ್ಗ ಹಿಡಿದಿದ್ದ 103 ಮಂದಿ ಸತ್ತಿದ್ದರು. ಅದೇ ಶತಮಾನದಲ್ಲಿ ಅಮೆರಿಕದ ಬೆಂಜಮಿನ್ ಫ್ರಾಂಕ್ಲಿನ್ ಸಿಡಿಲು ಬರೀ ವಿದ್ಯುತ್ತು ಎಂದು ವಾದಿಸಿ, ಅದನ್ನು ಪರೀಕ್ಷಿಸುವ ದಾರಿಯನ್ನೂ ಬರೆದು ಪ್ರಕಟಿಸಿದ. 1752ರ ಮೇ 10ರಂದು ಫ್ರಾನ್ಸಿನ ಮಾರ್ಲಿ ಎಂಬ ಊರಿನಲ್ಲಿ ಎತ್ತರದ ಕಬ್ಬಿಣದ ಸರಳು ನೆಟ್ಟು, ಗುಡುಗಿನ ಮೋಡದಿಂದ ಕಿಡಿ ಪಡೆದು, ಆ ಮಾತು ನಿಜವೆಂದು ತೋರಿಸಿದರು. ಮರುವರ್ಷ ರಷ್ಯಾದ ಸೇಂಟ್ ಪೀಟರ್ಸ್‌ಬರ್ಗಿನಲ್ಲಿ ಇಂಥದೇ ಪ್ರಯೋಗ ಮಾಡುತ್ತಿದ್ದ ವಿಜ್ಞಾನಿ ರಿಕ್‌ಮನ್ ಸಿಡಿಲು ಬಡಿದು ಪ್ರಾಣ ಬಿಟ್ಟ. ಇಂದು ಕಟ್ಟಡಗಳ ನೆತ್ತಿಯಲ್ಲಿ ಕಾಣುವ ಮಿಂಚುವಾಹಕ ಅಲ್ಲಿಂದ ಬಂದದ್ದು. ಅದು ಸಿಡಿಲನ್ನು ತಡೆಯುವುದಿಲ್ಲ. ಮೇಲಿನ ಸರಳಿನಿಂದ ದಪ್ಪ ತಾಮ್ರದ ಪಟ್ಟಿಯ ಮೂಲಕ ನೆಲದೊಳಗಿನ ಗುಂಡಿಯವರೆಗೆ ದಾರಿ ಮಾಡಿಕೊಟ್ಟು, ಗೋಡೆಯನ್ನೂ ಒಳಗಿರುವವರನ್ನೂ ಬದುಕಿಸುತ್ತದೆ.

ಗುಡುಗಿನ ಪಂಚಾಂಗ

ಗುಡುಗಿಗೂ ಮಳೆಗೂ ಇರುವ ನಂಟನ್ನು ರೈತರು ಮಳೆ ನಕ್ಷತ್ರಗಳಲ್ಲಿ ಲೆಕ್ಕ ಹಾಕುತ್ತಾರೆ. ಏಪ್ರಿಲ್ ನಡುವಿನಿಂದ ಮೇ ಕೊನೆಯವರೆಗೆ ಅಶ್ವಿನಿ, ಭರಣಿ, ಕೃತ್ತಿಕೆ. ಇವು ಗುಡುಗಿ ಬರುವ ಮಳೆಗಳು. ಜೂನ್ ಕೊನೆಯ ಆರಿದ್ರಾ, ಜುಲೈನ ಪುನರ್ವಸು, ಪುಷ್ಯ ಹಿಡಿದು ಸುರಿಯುವ ಮಳೆಗಳು. ಜುಲೈನಲ್ಲಿ ಕೊಡಗು ನೆನೆದು ಹೋದರೂ ಗುಡುಗು ಅಪರೂಪ. ಮುಂಗಾರಿನ ಮೋಡಗಳು ಬೆಟ್ಟಕ್ಕೆ ತಾಗಿ ನಿಧಾನವಾಗಿ ಏರುತ್ತವೆ. ಮಂಜಿನ ಹರಳುಗಳನ್ನು ಬಿರುಸಾಗಿ ಗುದ್ದಾಡಿಸುವಷ್ಟು ಜೋರಾದ ಮೇಲ್ಮುಖ ಗಾಳಿ ಅವುಗಳಲ್ಲಿ ಇರುವುದಿಲ್ಲ. ಹಿಂಗಾರಿನ ಹೊತ್ತಿಗೆ, ಸೆಪ್ಟೆಂಬರ್ ಮತ್ತು ಅಕ್ಟೋಬರಿನ ಹಸ್ತ, ಚಿತ್ತೆಗಳಲ್ಲಿ, ಗುಡುಗು ಮತ್ತೆ ಬರುತ್ತದೆ.

ಆರಿದ್ರಾದಲ್ಲಿ ಗುಡುಗಿದರೆ ಮುಂದಿನ ಆರು ಮಳೆ ಇಲ್ಲ ಎಂಬ ಮಾತು ಹಳ್ಳಿಗಳಲ್ಲಿದೆ. ಆರು ಎಂಬ ಲೆಕ್ಕ ಪ್ರಾಸಕ್ಕೆ ಬಂದಿರಬಹುದು, ಒಳಗಿನ ತಿಳಿವಳಿಕೆ ಮಾತ್ರ ಗಟ್ಟಿ. ಮುಂಗಾರು ಚುರುಕಾಗಿರುವಾಗ ಮಿಂಚು ಕಡಿಮೆ, ಮುಂಗಾರು ಬಿಡುವು ಕೊಟ್ಟು ನೆಲ ಮತ್ತೆ ಕಾದಾಗ ಗುಡುಗಿನ ಮೋಡಗಳು ಏಳುತ್ತವೆ ಎಂಬುದನ್ನು ಹವಾಮಾನ ವಿಜ್ಞಾನಿಗಳೂ ಕಂಡುಕೊಂಡಿದ್ದಾರೆ. ಮಳೆಗಾಲದ ನಡುವಿನ ಗುಡುಗು ಮುಂಗಾರು ಸೊರಗಿದ್ದರ ಗುರುತಾಗಬಲ್ಲದು.

ಗುಡುಗಿನ ಮಳೆ ಬಿದ್ದ ಮರುದಿನ ಪೈರು ಕಳೆಕಳೆಯಾಗಿ ಕಾಣುವುದಕ್ಕೂ ಒಂದು ಕಾರಣವಿದೆ. ಸಿಡಿಲಿನ ಕಾವಿಗೆ ಗಾಳಿಯಲ್ಲಿರುವ ಸಾರಜನಕ ಮತ್ತು ಆಮ್ಲಜನಕ ಒಡೆದು ಕೂಡಿಕೊಂಡು, ಮಳೆನೀರಿನಲ್ಲಿ ಕರಗಿ ನೈಟ್ರೇಟ್ ಆಗಿ ನೆಲಕ್ಕಿಳಿಯುತ್ತವೆ. ಗೊಬ್ಬರದ ಚೀಲಕ್ಕೆ ಸಾಟಿಯಾಗುವಷ್ಟು ಅಲ್ಲ, ಆದರೂ ಆಕಾಶ ಪುಕ್ಕಟೆ ಕೊಡುವ ಗೊಬ್ಬರ.

ಇನ್ನು ಸದ್ದಿಲ್ಲದ ಮಿಂಚು. ಬೇಸಿಗೆಯ ರಾತ್ರಿ ಗಾವಡಗೆರೆಯ ಜಗಲಿಯಲ್ಲಿ ಕೂತವರಿಗೆ ಪಶ್ಚಿಮದ ಅಂಚು ಸುಮ್ಮನೆ ಬೆಳಗಿ ಬೆಳಗಿ ಆರುವುದು ಕಾಣುತ್ತದೆ, ಸದ್ದು ಮಾತ್ರ ಬರುವುದಿಲ್ಲ. ಮಿಂಚಿನ ಬೆಳಕು ನೂರು ಕಿ.ಮೀ.ಗೂ ಹೆಚ್ಚು ದೂರ ಕಾಣುತ್ತದೆ, ಗುಡುಗು ಇಪ್ಪತ್ತು ಕಿ.ಮೀ. ಆಚೆಗೆ ಕೇಳುವುದು ಅಪರೂಪ. ಅಂಥ ಮೋಡಗಳ ಮೇಲೆ ಇನ್ನೂ ವಿಚಿತ್ರವಾದದ್ದು ನಡೆಯುತ್ತದೆ. 50ರಿಂದ 90 ಕಿ.ಮೀ. ಎತ್ತರದಲ್ಲಿ, ವಿಮಾನಗಳು ಹಾರುವುದಕ್ಕಿಂತ ಎಷ್ಟೋ ಮೇಲೆ, ಕೆಂಪು ಬೆಳಕಿನ ಬಿಳಲುಗಳು ರೆಪ್ಪೆ ಬಡಿಯುವುದರೊಳಗೆ ಹುಟ್ಟಿ ಮರೆಯಾಗುತ್ತವೆ. ಕೆಲವು ವಿಮಾನ ಚಾಲಕರು ಕಂಡೆವೆಂದು ಹೇಳುತ್ತಿದ್ದರೂ ಬಹಳ ಕಾಲ ಯಾರೂ ಅದನ್ನು ಗಟ್ಟಿಯಾಗಿ ಹಿಡಿದಿರಲಿಲ್ಲ. 1989ರಲ್ಲಿ ಅಮೆರಿಕದ ಮಿನ್ನೆಸೋಟ ವಿಶ್ವವಿದ್ಯಾಲಯದ ವಿಜ್ಞಾನಿಗಳ ಕ್ಯಾಮೆರಾದಲ್ಲಿ ಅದು ಆಕಸ್ಮಿಕವಾಗಿ ಸೆರೆಯಾಯಿತು. ಈಗ ಅದಕ್ಕೆ ಸ್ಪ್ರೈಟ್ ಎಂದು ಹೆಸರು.

ಸಾಯುವವರು ಯಾರು

ದೇಶದಲ್ಲಿ 2022ರಲ್ಲಿ ಸಿಡಿಲಿಗೆ ಬಲಿಯಾದವರು 2,887 ಮಂದಿ ಎನ್ನುತ್ತದೆ ರಾಷ್ಟ್ರೀಯ ಅಪರಾಧ ದಾಖಲೆ ಬ್ಯೂರೊ. ಹಿಂದಿನ ವರ್ಷದ ಲೆಕ್ಕ 2,880. 2022ರಲ್ಲಿ ಪ್ರಕೃತಿ ವಿಕೋಪಗಳಿಂದ ಸತ್ತ 8,060 ಜನರಲ್ಲಿ ಮೂರನೇ ಒಂದು ಪಾಲಿಗಿಂತ ಹೆಚ್ಚು ಜನರನ್ನು ಕೊಂದದ್ದು ಸಿಡಿಲು. ಪ್ರವಾಹ, ಭೂಕುಸಿತಗಳಿಗೆ ಬರುವಷ್ಟು ಸುದ್ದಿ ಇದಕ್ಕೆ ಬರುವುದಿಲ್ಲ. ಒಂದು ಹಳ್ಳಿಯಲ್ಲಿ ಒಬ್ಬರು, ಇನ್ನೊಂದರಲ್ಲಿ ಇಬ್ಬರು, ಜೊತೆಗೆ ಮೇಯುತ್ತಿದ್ದ ಹಸು, ಕುರಿ. ಮರುದಿನ ಜಿಲ್ಲಾ ಪುಟದಲ್ಲಿ ನಾಲ್ಕು ಸಾಲು.

ಸಾಯುವವರಲ್ಲಿ ಹೆಚ್ಚಿನವರು ಹೊಲದಲ್ಲಿ ದುಡಿಯುವವರು, ದನ ಕುರಿ ಕಾಯುವವರು. ಹುಣಸೂರು, ಪಿರಿಯಾಪಟ್ಟಣ ಸೀಮೆಗೆ ಇದು ಇನ್ನೂ ಹತ್ತಿರದ ಮಾತು. ಇಲ್ಲಿ ಹೊಗೆಸೊಪ್ಪಿನ ಸಸಿ ನಾಟಿಯಾಗುವುದು ಏಪ್ರಿಲ್, ಮೇ ತಿಂಗಳಲ್ಲಿ, ಮುಂಗಾರಿಗೆ ಮುಂಚಿನ ಮಳೆಗಳನ್ನೇ ನೆಚ್ಚಿಕೊಂಡು. ಒಂದು ಮಳೆ ಬಿದ್ದು ನೆಲ ಹದವಾದರೆ ಆ ಹದ ಆರುವುದರೊಳಗೆ ಸಸಿ ಇಡಬೇಕು. ಹಾಗಾಗಿ ಮನೆಮಂದಿಯೂ ಆಳುಗಳೂ ಒಟ್ಟಿಗೆ ಬಯಲಿನಲ್ಲಿರುವ ದಿನಗಳೇ ಮುಂದಿನ ಗುಡುಗು ಏಳುವ ದಿನಗಳು. ಹನಿ ಶುರುವಾದರೆ ಎಲ್ಲರೂ ಓಡುವುದು ಬದುವಿನ ಮೇಲಿನ ಒಂಟಿ ಹೊಂಗೆಯ ಕೆಳಗೋ ಮಾವಿನ ಕೆಳಗೋ. ಸಿಡಿಲಿನ ಕಣ್ಣಲ್ಲಿ ಆ ಮರವೇ ಬೆಟ್ಟದಪುರದ ಬೆಟ್ಟ.

ಮರಕ್ಕೆ ಬಡಿದ ಸಿಡಿಲು ಕಾಂಡದಲ್ಲಿ ಇಳಿಯುವಾಗ ಪಕ್ಕದಲ್ಲಿ ನಿಂತವರ ಮೈಗೆ ಹಾರುತ್ತದೆ. ಮರಕ್ಕಿಂತ ಮನುಷ್ಯನ ಮೈಯಲ್ಲಿ ವಿದ್ಯುತ್ ಸಲೀಸಾಗಿ ಹರಿಯುವುದೇ ಇದಕ್ಕೆ ಕಾರಣ. ಹಾರದಿದ್ದರೂ ಅಪಾಯ ತಪ್ಪಿದ್ದಲ್ಲ. ಬೇರಿನಿಂದ ನೆಲದೊಳಗೆ ಹರಡುವ ವಿದ್ಯುತ್ತು ದೂರ ಹೋದಷ್ಟೂ ಕ್ಷೀಣಿಸುತ್ತದೆ. ಹಾಗಾಗಿ ಒಂದು ಕಾಲಿದ್ದಲ್ಲಿ ಒಂದು ಮಟ್ಟ, ಇನ್ನೊಂದು ಕಾಲಿದ್ದಲ್ಲಿ ಇನ್ನೊಂದು ಮಟ್ಟ. ಈ ವ್ಯತ್ಯಾಸದಿಂದ ವಿದ್ಯುತ್ ಒಂದು ಕಾಲಿನಿಂದ ಹತ್ತಿ ಇನ್ನೊಂದರಿಂದ ಇಳಿಯುತ್ತದೆ. ಹಸುವಿನ ಮುಂಗಾಲು, ಹಿಂಗಾಲುಗಳ ನಡುವೆ ಅಂತರ ಹೆಚ್ಚು, ವಿದ್ಯುತ್ ಹಾದುಹೋಗುವ ದಾರಿಯಲ್ಲೇ ಅದರ ಹೃದಯವಿದೆ. ಒಂದೇ ಸಿಡಿಲಿಗೆ ಮರದಡಿಯ ಮಂದೆಗೆ ಮಂದೆಯೇ ಉರುಳಿಬೀಳುವುದು ಹೀಗೆ.

ಎತ್ತರದ ಜಾಗದಲ್ಲಿ ಗುಂಪು ಸೇರಿದರೆ ಏನಾಗುತ್ತದೆ ಎಂಬುದಕ್ಕೆ ಜೈಪುರದ ಉದಾಹರಣೆ ಇದೆ. 2021ರ ಜುಲೈ 11ರ ಸಂಜೆ ಅಂಬರ್ ಕೋಟೆಯ ಬಳಿಯ ಬೆಟ್ಟದ ಮೇಲೆ, ಮಳೆ ನೋಡಲು, ಸೆಲ್ಫಿ ತೆಗೆದುಕೊಳ್ಳಲು ಕಾವಲು ಗೋಪುರ ಹತ್ತಿದ್ದ ಜನರ ಮೇಲೆ ಸಿಡಿಲೆರಗಿ ಕನಿಷ್ಠ 11 ಮಂದಿ ಸತ್ತರು. ಬೆಟ್ಟದಪುರದ ಮೆಟ್ಟಿಲು ಹತ್ತುವವರೂ ಬೇಸಿಗೆಯ ಮಧ್ಯಾಹ್ನಗಳಲ್ಲಿ ಇದನ್ನು ಮನಸ್ಸಿನಲ್ಲಿಡಬೇಕು. ಬೆಳಿಗ್ಗೆ ಹತ್ತಿ ಮಧ್ಯಾಹ್ನದೊಳಗೆ ಇಳಿದುಬಿಡುವುದು ಕ್ಷೇಮ. ದಾರಿಯಲ್ಲಿ ಗುಡುಗು ಕೇಳಿದರೆ ತೆರೆದ ಕಲ್ಲುಮಂಟಪವಾಗಲಿ ಬಂಡೆಯ ಮರೆಯಾಗಲಿ ಆಸರೆಯಲ್ಲ. ಅವು ಮಳೆಯನ್ನು ತಡೆಯುತ್ತವೆ, ಬಂಡೆಯ ಒದ್ದೆ ಮೈಮೇಲೆ ಹರಿದುಬರುವ ವಿದ್ಯುತ್ತನ್ನಲ್ಲ.

ಹಾಗೆಂದು ಬೆಟ್ಟವಿದೆ, ಸಿಡಿಲೆಲ್ಲ ಅದಕ್ಕೇ ಹೋಗುತ್ತದೆ ಎಂದು ಕೆಳಗಿನ ಊರಿನವರು ನೆಮ್ಮದಿಯಾಗಿರುವಂತಿಲ್ಲ. ಎತ್ತರದ ವಸ್ತು ಸಿಡಿಲನ್ನು ಸೆಳೆಯುವುದು ತನ್ನ ಸುತ್ತಲಿನ ಸ್ವಲ್ಪ ದೂರದಿಂದ ಮಾತ್ರ. ಎರಡು ಮೈಲಿ ಆಚೆಯ ಹೊಲದಲ್ಲಿ ಅತಿ ಎತ್ತರವಾಗಿ ನಿಂತಿರುವುದು ರೈತನೇ ಆಗಿದ್ದರೆ ಆ ಹೊಲದ ಶಿಖರ ಅವನೇ.

ಕಿವಿಗೆ ಕೇಳಿದರೆ ಒಳಗೆ

ಲೆಕ್ಕ ಸುಲಭವಿದೆ. ಸದ್ದು ಒಂದು ಕಿ.ಮೀ. ಸಾಗಲು ಮೂರು ಸೆಕೆಂಡು ಬೇಕು. ಮಿಂಚು ಕಂಡ ಮೇಲೆ ಗುಡುಗು ಕೇಳಿಸುವವರೆಗೆ ಎಣಿಸಿ ಮೂರರಿಂದ ಭಾಗಿಸಿದರೆ ದೂರ ಗೊತ್ತಾಗುತ್ತದೆ. ಎಣಿಕೆ ಮೂವತ್ತರೊಳಗೆ ಮುಗಿದರೆ ಸಿಡಿಲು ಹತ್ತು ಕಿ.ಮೀ. ಒಳಗಿದೆ, ಮುಂದಿನದು ತಲೆಯ ಮೇಲೇ ಬೀಳಬಹುದು. ಕೊನೆಯ ಗುಡುಗು ಕೇಳಿ ಅರ್ಧ ಗಂಟೆ ಆಗುವವರೆಗೆ ಹೊರಗೆ ಬರಬಾರದು. ಮಳೆ ನಿಂತ ಕೂಡಲೇ ಹೊಲಕ್ಕೆ ಮರಳಿ ಸತ್ತವರೂ ಇದ್ದಾರೆ.

ಗಟ್ಟಿ ಗೋಡೆ, ಸೂರು ಇರುವ ಮನೆ, ಶಾಲೆ, ಗಾಜು ಏರಿಸಿದ ಕಾರು, ಬಸ್ಸು ಆಸರೆಯಾಗುತ್ತವೆ. ಕಾರು ಕಾಪಾಡುವುದು ಟೈರಿನ ರಬ್ಬರಿನಿಂದಲ್ಲ, ಸುತ್ತಲಿನ ಲೋಹದ ಮೈಯಿಂದ. ಬೈಕು, ತೆರೆದ ಟ್ರ್ಯಾಕ್ಟರು, ನಾಲ್ಕು ಕಂಬದ ಶೆಡ್ಡು ಆಸರೆಯಲ್ಲ. ಕೆರೆಯಲ್ಲಿ ದನ ತೊಳೆಯುವವರು ತಕ್ಷಣ ಮೇಲೆ ಬರಬೇಕು. ತಂತಿ ಬೇಲಿಯಿಂದ ದೂರ ಸರಿಯಬೇಕು. ಮೊಬೈಲ್ ಫೋನು ಸಿಡಿಲನ್ನು ಕರೆಯುತ್ತದೆ ಎಂಬ ಭಯಕ್ಕೆ ಆಧಾರವಿಲ್ಲ; ಚಾರ್ಜಿಗೆ ಹಾಕಿದ ಫೋನು ಹಿಡಿದು ಮಾತನಾಡಬಾರದು ಅಷ್ಟೇ. ಯಾವ ಆಸರೆಯೂ ಇಲ್ಲದ ಬಯಲಿನಲ್ಲಿ ಸಿಕ್ಕಿಕೊಂಡರೆ ಎರಡೂ ಪಾದ ಜೋಡಿಸಿ ಕುಕ್ಕರುಗಾಲಲ್ಲಿ ಕೂರಬೇಕು, ಮಲಗಬಾರದು. ಗುಂಪಿನಲ್ಲಿರುವವರು ದೂರ ದೂರ ಕೂರಬೇಕು.

ಸಿಡಿಲು ಬಡಿದವರನ್ನು ಮುಟ್ಟಿದರೆ ಶಾಕ್ ಹೊಡೆಯುತ್ತದೆ ಎಂಬ ಹೆದರಿಕೆಗೆ ಎಷ್ಟೋ ಜೀವ ಹೋಗಿವೆ. ಮೈಯಲ್ಲಿ ವಿದ್ಯುತ್ ಉಳಿದಿರುವುದಿಲ್ಲ. ಬಹಳಷ್ಟು ಸಲ ನಿಂತಿರುವುದು ಹೃದಯ ಮತ್ತು ಉಸಿರು ಮಾತ್ರ. ಆ ಕ್ಷಣದಲ್ಲೇ ಎದೆಯ ನಡುವೆ ಎರಡೂ ಕೈ ಜೋಡಿಸಿ ನಿಮಿಷಕ್ಕೆ ನೂರಕ್ಕೂ ಹೆಚ್ಚು ಸಲ ಒತ್ತುತ್ತ, 108ಕ್ಕೆ ಕರೆ ಮಾಡಿಸಿದರೆ ಅನೇಕರು ಬದುಕುತ್ತಾರೆ. ದೇಶದ ಕೆಲವೆಡೆ ಮೈಯನ್ನು ಸಗಣಿಯಲ್ಲಿ ಹೂಳುವ ರೂಢಿಯಿದೆ. ಅದರಲ್ಲಿ ಕಳೆಯುವ ಒಂದೊಂದು ನಿಮಿಷವೂ ಜೀವ ಉಳಿಸಬಹುದಾಗಿದ್ದ ನಿಮಿಷ.

ಮುನ್ಸೂಚನೆ ಈಗ ಕೈಯಲ್ಲೇ ಇದೆ. ಮಿಂಚು ಹೊರಡಿಸುವ ರೇಡಿಯೊ ಅಲೆಗಳನ್ನು ಬೇರೆ ಬೇರೆ ಊರುಗಳಲ್ಲಿಟ್ಟ ಸಂವೇದಕಗಳು ಹಿಡಿದು, ಅದು ಬಿದ್ದ ಜಾಗವನ್ನು ಲೆಕ್ಕ ಹಾಕುತ್ತವೆ. ಪುಣೆಯ ಭಾರತೀಯ ಉಷ್ಣವಲಯ ಹವಾಮಾನ ಸಂಸ್ಥೆಯ ‘ದಾಮಿನಿ’ ಆ್ಯಪ್ ಬಳಕೆದಾರನ ಸುತ್ತ 20 ಮತ್ತು 40 ಕಿ.ಮೀ. ಒಳಗಿನ ಮಿಂಚಿನ ಎಚ್ಚರಿಕೆ ಕೊಡುತ್ತದೆ. ಕರ್ನಾಟಕ ರಾಜ್ಯ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರದ ‘ಸಿಡಿಲು’ ಆ್ಯಪ್ ಕನ್ನಡದ ಹೆಸರಿನಲ್ಲೇ ಇದೆ, ಅಪಾಯ ಎಷ್ಟು ಹತ್ತಿರ ಎಂಬುದನ್ನು ಬಣ್ಣದಲ್ಲಿ ತೋರಿಸುತ್ತದೆ.

ಆದರೆ ಸಸಿ ಇಡುವ ಹೆಣ್ಣಾಳಿನ ಫೋನು ಬುತ್ತಿಯ ಚೀಲದಲ್ಲಿ ಬದುವಿನ ಮೇಲಿರುತ್ತದೆ. ಕುರಿ ಕಾಯುವವನದು ಬರೀ ಬಟನ್ ಫೋನು. ಎಚ್ಚರಿಕೆ ಅವರ ಕಿವಿಗೆ ತಲುಪಬೇಕಾದರೆ ಹಳ್ಳಿಯಲ್ಲಿ ಯಾರಾದರೂ ಅದನ್ನು ಓದಿ ಕೂಗಿ ಹೇಳಬೇಕು. ಗುಡಿಯ ಮೈಕು, ಹಾಲಿನ ಡೇರಿ, ಗ್ರಾಮ ಪಂಚಾಯಿತಿ ಕಚೇರಿ, ಇವುಗಳಲ್ಲಿ ಒಂದಾದರೂ ಇಲ್ಲದ ಊರು ಈ ಸೀಮೆಯಲ್ಲಿ ಕಡಿಮೆ. ಮಾರ್ಚ್ ಮುಗಿಯುವುದರೊಳಗೆ ಪ್ರತಿ ಊರಿನಲ್ಲೂ ಒಬ್ಬರಿಗೆ ಆ ಕೆಲಸ ವಹಿಸಬೇಕು, ಶಾಲೆಗಳ ಮಿಂಚುವಾಹಕದ ಪಟ್ಟಿ ನೆಲ ಮುಟ್ಟುತ್ತಿದೆಯೇ ಎಂದು ನೋಡಿಸಬೇಕು, ನಾಟಿಯ ದಿನಗಳಲ್ಲಿ ಆಳುಗಳನ್ನು ಮುಂಜಾನೆಯೇ ಹೊಲಕ್ಕಿಳಿಸಿ ಮೂರು ಗಂಟೆಗೆ ಬಿಟ್ಟುಬಿಡುವ ಪದ್ಧತಿ ಮಾಡಿಕೊಳ್ಳಬೇಕು. ಇವುಗಳಲ್ಲಿ ಯಾವುದಕ್ಕೂ ದೊಡ್ಡ ಅನುದಾನ ಬೇಕಿಲ್ಲ. ಅಶ್ವಿನಿ ಮಳೆ ಹುಟ್ಟುವುದು ಏಪ್ರಿಲ್ ನಡುವಿನಲ್ಲಿ, ಅಷ್ಟರೊಳಗೆ ಇವೆಲ್ಲ ಆಗಿರಬೇಕು.